ಜೇನು ಪಾಠಕ್ಕೆ ಹಾಡಿಯ ಅಜ್ಜ ಬರಲಿ

ಎಚ್.ಡಿ. ಕೋಟೆ, ಹುಣಸೂರು ಕಡೆಯ ಶಾಲೆಗಳಲ್ಲಿ ಜೇನುಕುರುಬ, ಬೆಟ್ಟಕುರುಬ, ಯರವ ಬುಡಕಟ್ಟುಗಳ ಮಕ್ಕಳಿದ್ದಾರೆ. ಅವರ ಸಂಸ್ಕೃತಿ ಮಾತ್ರ ತರಗತಿಗೆ ಬರುವುದು ವರ್ಷಕ್ಕೊಮ್ಮೆ, ಸೊಪ್ಪು ಸುತ್ತಿಕೊಂಡ ಛದ್ಮವೇಷವಾಗಿ. ಅದನ್ನು ಮೊದಲು ನಿಲ್ಲಿಸಿ.

ಅದರ ಬದಲು ಆ ಸಂಸ್ಕೃತಿಯನ್ನು ಪಾಠವಾಗಿಯೇ ತನ್ನಿ. ಶುರುಮಾಡಲು ಜೇನು ಒಳ್ಳೆಯ ವಿಷಯ. ಎರಡು ವಾರ ಮುಂಚೆ ಹಾಡಿಗೆ, ಅಂದರೆ ಆ ಮಕ್ಕಳ ಬುಡಕಟ್ಟು ಕೇರಿಗೆ, ಹೋಗಿ ಯಜಮಾನರನ್ನು ಕೇಳಿ: ಯಾವುದನ್ನು ಮಕ್ಕಳ ಮುಂದೆ ಹೇಳಬಹುದು, ಯಾವುದನ್ನು ಬೇಡ? ದೇವರ ಹಾಡನ್ನು ಕೇಳದೆ ಮೊಬೈಲಿನಲ್ಲಿ ರೆಕಾರ್ಡ್ ಮಾಡಬೇಡಿ. ಅಜ್ಜ ಶಾಲೆಗೆ ಬಂದರೆ ಅವರ ಒಂದು ದಿನದ ಕೂಲಿ ಹೋಗುತ್ತದೆ. ಶಾಲು ಹೊದಿಸಿದರೆ ಸಾಲದು, ಆ ದುಡ್ಡು ಕೊಡಿ.

40 ನಿಮಿಷದ ಪೀರಿಯಡ್‌ನಲ್ಲಿ ಅರ್ಧ ಅಜ್ಜನ ಮಾತಿಗೇ ಇರಲಿ. ಹೆಜ್ಜೇನು, ತುಡುವೆ, ಕೋಲುಜೇನು ಎಲ್ಲೆಲ್ಲಿ ಕಟ್ಟುತ್ತವೆ, ಯಾವ ಹೂವಿನ ಕಾಲದಲ್ಲಿ ತುಪ್ಪ ಇಳಿಯುತ್ತದೆ, ಹುಟ್ಟಿನಲ್ಲಿ ಎಷ್ಟು ಬಿಟ್ಟು ಬರಬೇಕು. ಆಮೇಲೆ ಬೋರ್ಡಿನಲ್ಲಿ ಎರಡು ಸಾಲು: ಹಾಡಿಯ ಮಾತು, ಪುಸ್ತಕದ ಮಾತು. ಒಂದು ಪಾಠಕ್ಕೆ ಹತ್ತು ಪದ ಸಾಕು. ಉಚ್ಚಾರವನ್ನು ಮಕ್ಕಳೇ ಹೇಳಲಿ, ಮೇಷ್ಟ್ರು ಕೇಳಿದಂತೆ ಬರೆಯಲಿ. ಎಡವುವುದು ಇಲ್ಲೇ. ಕೈ ತಾನಾಗಿ ‘ಶುದ್ಧ’ ಕನ್ನಡಕ್ಕೆ ತಿದ್ದುತ್ತದೆ, ಮಗು ಬಾಯಿ ಮುಚ್ಚುತ್ತದೆ.

ಇತಿಹಾಸವನ್ನೂ ಬಿಡಬೇಡಿ. ಕಬಿನಿ ಜಲಾಶಯ, ನಾಗರಹೊಳೆ, ಬಂಡೀಪುರ ನಕ್ಷೆಯಲ್ಲಿವೆ. ಅಲ್ಲಿಂದ ಒಕ್ಕಲೆದ್ದು ಬಂದ ಹಾಡಿಗಳನ್ನೂ ಮಕ್ಕಳು ಗುರುತು ಹಾಕಲಿ. ‘ಕಾಡಿನಲ್ಲಿ ವಾಸಿಸುತ್ತಿದ್ದರು’ ಎಂಬ ಭೂತಕಾಲ ಬೇಡ, ಆ ಮಗು ಮುಂದಿನ ಬೆಂಚಿನಲ್ಲೇ ಕೂತಿದೆ. ಭಾಷೆಯ ವಿಚಾರದಲ್ಲಿ ಅನುಮಾನ ಬಂದರೆ ಮೈಸೂರಿನ ಮಾನಸಗಂಗೋತ್ರಿಯಲ್ಲಿ, 1969ರಲ್ಲಿ ಶುರುವಾದ ಭಾರತೀಯ ಭಾಷಾ ಸಂಸ್ಥಾನವಿದೆ. ಆದರೂ ಮೊದಲು ಕೇಳಬೇಕಾದ್ದು ಹಾಡಿಯಲ್ಲೇ.