ನೀಲಿ ಎಲ್ಲಿದೆ, ತೋರಿಸಿ

“ನೀಲಿ ಎಲ್ಲಿದೆ ಮಾವ, ತೋರಿಸಿ.”

ಈ ಮಂಗಳವಾರ ಮಡಿಕೇರಿ ಕಡೆಯ ಒಂದು ಬಾಣೆಯಲ್ಲಿ, ಅಂದರೆ ಗದ್ದೆಗೆ ಸೇರಿದ ಗುಡ್ಡದ ಜಾಗದಲ್ಲಿ, ಕೇಳಿಬಂದ ಮಾತು. ಹೋಂಸ್ಟೇಗೆ ಮಣ್ಣು ಕಡಿಯಲು ಜೆಸಿಬಿ ಬಂದು ನಿಂತಿತ್ತು. ಪಕ್ಕದ ತೋಟದ ಹಿರಿಯರು ಸರ್ವೆ ಆಫ್ ಇಂಡಿಯಾದ ಹಳೇ ಟೋಪೋಶೀಟನ್ನು, ಅಂದರೆ ನೆಲದ ಏರಿಳಿತ ತೋರಿಸುವ ನಕ್ಷೆಯನ್ನು, ಜೆಸಿಬಿಯ ಬಕೆಟ್ಟಿನ ಮೇಲೇ ಹರಡಿ, “ಇಲ್ಲಿ ತೋಡು ಇದೆ ಮೋನೆ, ಕಡಿಯಬೇಡ” ಅಂದರು. ತೋಡು ಅಂದರೆ ಸಣ್ಣ ಹಳ್ಳ. ಹೋಂಸ್ಟೇ ಕಟ್ಟಲು ಹೊರಟ ಹುಡುಗನ ಕೈಯಲ್ಲಿ ಫೋನು, ಫೋನಿನಲ್ಲಿ ಉಪಗ್ರಹದ ಚಿತ್ರ, ಚಿತ್ರದ ತುಂಬ ಹಸಿರು. ಶೀಟಿನಲ್ಲೂ ಆ ಜಾಗದಲ್ಲಿ ನೀಲಿ ಗೆರೆ ಇರಲಿಲ್ಲ.

“ಕಪ್ಪಿದೆಯಲ್ಲ, ಅದೇ.”

“ಅದು ಕಾಲುದಾರಿ ಮಾವ.”

ಇಷ್ಟೇ. ಆದರೆ ಆ “ನೀಲಿ ಎಲ್ಲಿದೆ” ಅನ್ನೋದು ಕಿವಿಯಿಂದ ಹೋಗುತ್ತಿಲ್ಲ. ಹುಡುಗ ದಡ್ಡನಲ್ಲ, ಇಂಜಿನಿಯರಿಂಗ್ ಓದಿದವನು. ನೀರು ಅಂದರೆ ನೀಲಿ ಅಂತ ನಂಬಿದ್ದಾನೆ, ಅಷ್ಟೇ. ಟೋಪೋಶೀಟಿನಲ್ಲಿ ವರ್ಷವಿಡೀ ಹರಿಯುವ ನೀರಿಗೆ ಮಾತ್ರ ನೀಲಿ. ಬೇಸಿಗೆಯಲ್ಲಿ ಒಣಗುವ ತೋಡಿಗೆ ಕಪ್ಪು. ದಾರಿಗಳೆಲ್ಲ ಕೆಂಪು, ಕಾಲುದಾರಿಯಾದರೆ ಕೆಂಪು ತುಂಡುಗೆರೆ. ಕೊಡಗಿನ ಇಳಿಜಾರುಗಳಲ್ಲಿ ಮಳೆಗಾಲದ ನೀರು ಇಳಿಯುವುದೇ ಈ ಕಪ್ಪು ಗೆರೆಗಳಲ್ಲಿ. ಫೆಬ್ರುವರಿಯಲ್ಲಿ ಜಾಗ ನೋಡಲು ಬಂದವನಿಗೆ ಅಲ್ಲಿ ಒಣ ಎಲೆ ಬಿಟ್ಟರೆ ಏನೂ ಕಾಣುವುದಿಲ್ಲ. ಜುಲೈಯಲ್ಲಿ ಬಂದು ನೋಡಲಿ.

ಗೆರೆಯನ್ನೇ ನಂಬಬೇಕಂತಲೂ ಇಲ್ಲ. ಒಂದೇ ಎತ್ತರದ ಜಾಗಗಳನ್ನು ಜೋಡಿಸುವ ಕಂದು ಬಣ್ಣದ ಸಮೋನ್ನತಿ ರೇಖೆಗಳು ಎಲ್ಲಿ ಇಂಗ್ಲಿಷಿನ ‘ವಿ’ ಅಕ್ಷರದ ಹಾಗೆ ಮಡಚಿ, ಚೂಪು ತುದಿಯನ್ನು ಗುಡ್ಡದ ಮೇಲಕ್ಕೆ ಮಾಡಿರುತ್ತವೋ ಅದು ನೀರಿನ ಜಾಗ, ತೋಡು ಬರೆದಿರಲಿ ಬಿಡಲಿ. ತುದಿ ಕೆಳಮುಖವಾಗಿದ್ದರೆ ದಿಣ್ಣೆ. 1:50,000ದ ಶೀಟಿನಲ್ಲಿ ಎರಡು ರೇಖೆಗಳ ನಡುವಿನ ಎತ್ತರ 20 ಮೀಟರ್, ಕಾಗದದ ಮೇಲಿನ 1 ಮಿಲಿಮೀಟರ್ ಅಂದರೆ ನೆಲದಲ್ಲಿ 50 ಮೀಟರ್. ರೇಖೆಗಳು ಒಂದೊಂದು ಮಿಲಿಮೀಟರಿಗೆ ಒತ್ತಿಕೊಂಡಿದ್ದರೆ ಇಳಿಜಾರು 22 ಡಿಗ್ರಿಯ ಹತ್ತಿರ. ಮಂಗಳವಾರದ ಜಾಗದಲ್ಲಿ ಅವು ಒತ್ತಿಕೊಂಡೂ ಇದ್ದವು, ಮಡಚಿಕೊಂಡೂ ಇದ್ದವು. ಜೆಸಿಬಿ ಕಡಿಯುವ ಹದಿನೈದಡಿಯ ಬರೆ, ಅಂದರೆ ನೆಟ್ಟಗಿನ ಮಣ್ಣಿನ ಗೋಡೆ ಮಾತ್ರ ಇಂಥ ಶೀಟಿನಲ್ಲಿ ಯಾವತ್ತೂ ಕಾಣಿಸುವುದಿಲ್ಲ, 20 ಮೀಟರಿನ ಅಂತರದೊಳಗೆ ಅದು ಅಡಗಿಹೋಗುತ್ತದೆ. 2018ರ ಆಗಸ್ಟಿನಲ್ಲಿ ಗುಡ್ಡ ಕುಸಿದ ಊರುಗಳ ಹೆಸರನ್ನೇ ನೋಡಿ: ಹಟ್ಟಿಹೊಳೆ, ಜೋಡುಪಾಲ, ತಂತಿಪಾಲ. ಪಾಲ ಅಂದರೆ ಸೇತುವೆ. ನೀರಿಲ್ಲದ ಕಡೆ ಯಾರು ಸೇತುವೆ ಹಾಕುತ್ತಾರೆ?

ಹಿರಿಯರದೂ ಒಂದು ತಪ್ಪಿತ್ತು, ಹೇಳಿದರೆ ಸಿಟ್ಟಾಗುತ್ತಾರೆ. ಶೀಟು ಅಚ್ಚಾದ ವರ್ಷವನ್ನೇ ಸರ್ವೆಯ ವರ್ಷ ಅಂದುಕೊಂಡು ವಾದಿಸುತ್ತಿದ್ದರು. ಅಂಚಿನ ಸಣ್ಣ ಅಕ್ಷರದಲ್ಲಿ ಎರಡೂ ಬೇರೆ ಬೇರೆ ಇರುತ್ತವೆ, ನಡುವೆ ಹತ್ತಾರು ವರ್ಷದ ಅಂತರವೂ ಇರಬಹುದು. “ಆಗ ಇತ್ತು, ಈಗ ಇಲ್ಲ” ಅನ್ನುವ ಮೊದಲು ‘ಆಗ’ ಅಂದರೆ ಯಾವಾಗ ಅಂತ ಓದಿಕೊಳ್ಳಬೇಕು. ಹುಡುಗ ಮಾಡಿದ ಇನ್ನೊಂದು ಎಡವಟ್ಟು ಎಲ್ಲರೂ ಮಾಡುವಂಥದ್ದು. ಫೋನಿನ ಅಕ್ಷಾಂಶ ರೇಖಾಂಶವನ್ನು ನೇರ ಶೀಟಿನ ಮೇಲೆ ಗುರುತು ಹಾಕಿ, “ನೋಡಿ, ತೋಡು ನಮ್ಮ ಬೇಲಿಯ ಆಚೆ” ಅಂದ. ಅಕ್ಷಾಂಶ ರೇಖಾಂಶ ಎಣಿಸಲು ಭೂಮಿಯ ಆಕಾರಕ್ಕೆ ಒಂದು ಲೆಕ್ಕ ಬೇಕು; ಹಳೇ ಶೀಟುಗಳು ಎವರೆಸ್ಟ್ ಗೋಳದ ಲೆಕ್ಕದವು, ಫೋನಿನದು ಡಬ್ಲ್ಯುಜಿಎಸ್-84 ಅನ್ನುವ ಬೇರೆ ಲೆಕ್ಕ. ಬದಲಾಯಿಸಿಕೊಳ್ಳದೆ ಇಟ್ಟರೆ ಗುರುತು ನೂರು ಮೀಟರಿಗೂ ಹೆಚ್ಚು ಜಾರುತ್ತದೆ. ಒಂದು ಬಾಣೆಯ ತೋಡನ್ನು ಪಕ್ಕದವರ ಬಾಣೆಗೆ ದಾಟಿಸಲು ಅಷ್ಟು ಸಾಕು. ಕಂಪ್ಯೂಟರಿನಲ್ಲಿ ಹಳೇ ಶೀಟನ್ನು ಉಪಗ್ರಹದ ಚಿತ್ರಕ್ಕೆ ಹೊಂದಿಸುವಾಗಲೂ ಅದರ ನಾಲ್ಕು ಮೂಲೆಗಳನ್ನು ಹಿಡಿಯಬೇಕು, ರಸ್ತೆಯ ತಿರುವನ್ನಲ್ಲ. ತಿರುವುಗಳನ್ನು ನಾವೇ ಎಷ್ಟು ಸಲ ನೇರ ಮಾಡಿದ್ದೇವೆ!

ಪಹಣಿಯಲ್ಲೂ ಇಂಥದ್ದೇ ಗುಂಡಿಯಿದೆ. ಕೊಡಗಿನಲ್ಲಿ ಲೆಕ್ಕ ಎಕರೆ, ಸೆಂಟು. 1.20 ಅಂದರೆ ಒಂದು ಎಕರೆ ಇಪ್ಪತ್ತು ಸೆಂಟು. ಮೈಸೂರು ಕಡೆಯವರು ಅದನ್ನೇ ಇಪ್ಪತ್ತು ಗುಂಟೆ ಅಂತ ಓದಿದರೆ ಒಂದೂವರೆ ಎಕರೆ ಆಗಿಬಿಡುತ್ತದೆ. ರಾಜರ ಕಾಲದ ಲೆಕ್ಕಕ್ಕೆ ಹೋದರೆ ಗದ್ದೆಯನ್ನು ಅಳೆಯುತ್ತಿದ್ದದ್ದು ಭಟ್ಟಿಯಲ್ಲಿ, ಅಂದರೆ ಭತ್ತ ಅಳೆಯುವ ಅಳತೆಯಲ್ಲಿ. ನೆಲ ಎಷ್ಟು ಅಗಲ ಅನ್ನುವುದಕ್ಕಿಂತ ಎಷ್ಟು ಬೆಳೆಯುತ್ತದೆ ಅನ್ನುವುದೇ ಅಲ್ಲಿ ಮುಖ್ಯ. ಅದು ಇವತ್ತಿನ ಪಹಣಿಗಿಂತ ಪ್ರಾಮಾಣಿಕ ಅಂತ ನನಗೆ ಎಷ್ಟೋ ಸಲ ಅನ್ನಿಸಿದೆ. ಕುಶಾಲನಗರವನ್ನು ಹುಡುಕುವವರು ಹಳೇ ನಕ್ಷೆಯಲ್ಲಿ ಫ್ರೇಸರ್‌ಪೇಟೆ ನೋಡಬೇಕು, ಮಡಿಕೇರಿಗೆ ಮರ್ಕೆರಾ. ಇದು ಬಹಳ ಜನಕ್ಕೆ ಗೊತ್ತು.

ಗೊತ್ತಿಲ್ಲದ್ದು ಫೋನಿನ ಹಸಿರು ಮಾಡುವ ಮೋಸ. ನೆರಳಿನಡಿಯ ಕಾಫಿ, ಮೇಲಿನಿಂದ ನೋಡಿದರೆ ಕಾಡಿನ ಹಾಗೇ. ಬಾಣೆಯ ಕುರುಚಲು ತೆಗೆದು ಕಾಫಿ ಹಾಕಿ, ಕಾಡುಮರ ಇಳಿಸಿ ಸಿಲ್ವರ್ ಓಕ್ ನೆಟ್ಟರೂ ಚಿತ್ರ ಹಸಿರೇ. ಆ ಬದಲಾವಣೆ ಗೊತ್ತಾಗುವುದು ಲೆಕ್ಕದ ಪುಸ್ತಕದಲ್ಲಿ. ದೇವರಕಾಡುಗಳನ್ನೇ ತೆಗೆದುಕೊಳ್ಳಿ: 1905ರ ದಾಖಲೆಯಲ್ಲಿ 15,506 ಎಕರೆ, 1985ರಲ್ಲಿ 6,299. ಯಾವ ಉಪಗ್ರಹಕ್ಕೂ 1905 ಕಾಣುವುದಿಲ್ಲ. ಗುಮಾಸ್ತನೊಬ್ಬ ಬರೆದಿಟ್ಟದ್ದಕ್ಕೆ ನಮಗೆ ಗೊತ್ತು. ಆದರೂ ಹಳೇ ಕಡತ ಅಂದರೆ ಗೆದ್ದಲಿನ ಪಾಲು ಅಂತ ಬಿಟ್ಟಿದ್ದೇವೆ. ಕೋರ್ಟಿಗೆ ಹೋಗುವ ದಿನ ಬಂದಾಗ ಮಾತ್ರ ನಕಲು ಪ್ರತಿಗೆ ಅರ್ಜಿ ಹಾಕಲು ಓಡುತ್ತೇವೆ.

ಮಂಗಳವಾರ ಜೆಸಿಬಿಯವನು ಕೊನೆಗೆ ಇಂಜಿನ್ ಆಫ್ ಮಾಡಿ ಬೀಡಿ ಹಚ್ಚಿದ. ಗಂಟೆಗೆ ಬಾಡಿಗೆ, ಅವನಿಗೇನು ಅವಸರ! ಹುಡುಗ ಶೀಟಿನ ಮೇಲೆ ಬಗ್ಗಿ, ಕಪ್ಪು ಗೆರೆಯ ಮೇಲೆ ಬೆರಳಿಟ್ಟು ಕೆಳಕ್ಕೆ ಇಳಿಸುತ್ತಾ ಹೋದ. ಗದ್ದೆಯ ಹಳದಿ ದಾಟಿ ಒಂದು ಕಡೆ ಗೆರೆ ನೀಲಿಯಾಯಿತು. ಬೆರಳು ನಿಂತಿತು. ಇನ್ನೂ ಇಳಿದರೆ ಕಾಗದದ ಅಂಚು.

“ಮಾವ, ಈ ಶೀಟಿನ ನಂಬರು 48 ಪಿ/11. ಇದರ ಕೆಳಗಿನ ಶೀಟು ಯಾವುದು?”

“12,” ಅಂದರು ಹಿರಿಯರು. “ಪೂರ್ವಕ್ಕಾದರೆ 15. ಎರಡೂ ಮನೆಯಲ್ಲಿವೆ, ಬಾ.”