ಗೋಲು ಕಂಬದ ಕೆಳಗೆ ಒಂದು ಶನಿವಾರ

ನಮ್ಮ ಕ್ಲಬ್ಬಿನ ಮೈದಾನದಲ್ಲಿ ಕೈಕಟ್ಟಿ ನಿಂತವರನ್ನು ಯಾರೂ ಸುಮ್ಮನೆ ಬಿಡುವುದಿಲ್ಲ. ಕೋನ್ ಜೋಡಿಸುವುದೋ, ನೆಟ್ ಕಟ್ಟುವುದೋ, ಕ್ಲಬ್ಬಿನ ಲಾಟರಿ ಟಿಕೆಟ್ ಮಾರುವುದೋ, ಏನಾದರೊಂದು ಕೆಲಸ ತಲೆಗೆ ಕಟ್ಟಿಯೇ ಕಟ್ಟುತ್ತಾರೆ. ಡಬ್ಲಿನ್ ನಗರದ ಪಶ್ಚಿಮಕ್ಕಿರುವ ಲೂಕನ್ ಸುತ್ತಮುತ್ತ ಐಟಿ, ಆಸ್ಪತ್ರೆ ಅಂತ ಕೆಲಸಕ್ಕೆ ಬಂದು ನೆಲೆಸಿದ ನಮ್ಮವರು ಸಾಕಷ್ಟಿದ್ದಾರೆ. ಮಗಳನ್ನು ಕಮೋಗಿ ಆಟಕ್ಕೆ ಬಿಟ್ಟು, ಹೀಟರ್ ಹಾಕಿಕೊಂಡು ಕಾರಿನಲ್ಲೇ ಕೂತು ಫೋನ್ ನೋಡುವ ಅಪ್ಪಂದಿರ ಪೈಕಿ ನಾನೂ ಒಬ್ಬ. ಆ ಶನಿವಾರ ಅಪರೂಪಕ್ಕೆ ಬಿಸಿಲು ಬಿತ್ತು ಅಂತ ಕೆಳಗಿಳಿದೆ. ಕೋಚ್ ಎರಡು ಬಾವುಟ ಹಿಡಿದು ನೇರ ನನ್ನ ಕಡೆಗೇ ಬಂದರು.

'ಅಂಪೈರ್ ಒಬ್ಬರು ಕಮ್ಮಿ. ಆ ಕಂಬದ ಪಕ್ಕ ನಿಂತರೆ ಸಾಕು, ಗ್ರ್ಯಾಂಡ್!'

ನನಗೆ ಆಟ ಅಷ್ಟು ಗೊತ್ತಿಲ್ಲ ಅಂದೆ. ಆ ಮಾತು ಅವರ ಕಿವಿಗೇ ಬೀಳಲಿಲ್ಲ.

ಕಮೋಗಿ ಅಂದರೆ ಹೆಣ್ಣುಮಕ್ಕಳು ಆಡುವ ಹರ್ಲಿಂಗ್, ಐರ್ಲೆಂಡಿನ ಕೋಲು ಚೆಂಡಿನ ಆಟ. ತುದಿಯಲ್ಲಿ ಅಗಲವಾಗಿ ಚಪ್ಪಟೆಯಾದ ಮರದ ಕೋಲು, ಅದು ಹರ್ಲಿ. ಚರ್ಮ ಹೊಲಿದ ಪುಟ್ಟ ಗಟ್ಟಿ ಚೆಂಡು ಸ್ಲಿಟರ್. ಚೆಂಡನ್ನು ಕೈಯಲ್ಲಿ ಹಿಡಿಯಬಹುದು, ಕೋಲಿನ ತುದಿಯಲ್ಲಿ ಕೂರಿಸಿಕೊಂಡು ಓಡಬಹುದು, ಗಾಳಿಯಲ್ಲಿರುವಾಗಲೇ ಬಾರಿಸಬಹುದು. ಹೆಲ್ಮೆಟ್ ಇಲ್ಲದೆ ಒಳಗೆ ಬಿಡುವುದಿಲ್ಲ. ಮೊದಲ ಸಲ ನೋಡಿದ ಯಾವ ತಾಯಿಗೂ ಹೆಲ್ಮೆಟ್ ಒಂದೇ ಸಾಕು ಅನ್ನಿಸಲಾರದು. ಗೋಲು ಕಂಬ ಇಂಗ್ಲಿಷಿನ ಎಚ್ ಅಕ್ಷರದ ಹಾಗಿರುತ್ತದೆ. ಅಡ್ಡಪಟ್ಟಿಯ ಕೆಳಗೆ ನುಗ್ಗಿದರೆ ಗೋಲು, 3 ಪಾಯಿಂಟ್, ಹಸಿರು ಬಾವುಟ. ಮೇಲಿಂದ ಹಾರಿದರೆ 1 ಪಾಯಿಂಟ್, ಬಿಳಿ ಬಾವುಟ. ಕಂಬದಿಂದ ಹೊರಗೆ ಹೋದರೆ ವೈಡ್: ಎರಡೂ ತೋಳು ತಲೆಯ ಮೇಲೆತ್ತಿ ಅಡ್ಡಡ್ಡ ಬೀಸಬೇಕು. ಐದು ನಿಮಿಷದಲ್ಲಿ ನನಗೆ ಸಿಕ್ಕ ತರಬೇತಿ ಇಷ್ಟೇ.

ಇನ್ನೊಂದು ಕಂಬಕ್ಕೆ ಎದುರು ತಂಡದ ಕಡೆಯಿಂದ ಒಬ್ಬ ಅಜ್ಜ ನಿಂತಿದ್ದರು. ಮೊಮ್ಮಗಳು ಆಡುತ್ತಿದ್ದಳಂತೆ. ಆಟ ಆ ತುದಿಯಲ್ಲಿ ನಡೆಯುವಾಗ ಅವರಿಗೆ ಮಾತಿಗೆ ಬಿಡುವು. ಅವರ ಕೈಯಲ್ಲೊಂದು ಹಳೆಯ ಹರ್ಲಿ ಇತ್ತು. ತುದಿಗೆ ತಗಡಿನ ಪಟ್ಟಿ ಬಿಗಿದು ಮೊಳೆ ಹೊಡೆದಿತ್ತು, ಹಿಡಿಯ ಟೇಪು ಬೆವರಿಗೆ ಕಪ್ಪಾಗಿತ್ತು. ನನ್ನ ಕೈಗೆ ಕೊಟ್ಟು, ಮರದ ಎಳೆ ತೋರಿಸಿದರು. ಹಿಡಿಯಿಂದ ನೇರ ಇಳಿದು ಬಂದ ಎಳೆಗಳು ಬುಡದಲ್ಲಿ ಚೆಂದವಾಗಿ ಬಾಗಿದ್ದವು. ಆಶ್ ಮರದ ಬುಡ, ಬೇರು ಹೊರಳುವ ಜಾಗದಿಂದಲೇ ಇದನ್ನು ಕೊಯ್ಯಬೇಕು, ಆ ಬಾಗು ಇಲ್ಲದಿದ್ದರೆ ಒಂದೇ ಏಟಿಗೆ ಸೀಳುತ್ತದೆ ಅಂದರು. 2012ರಲ್ಲಿ ಐರ್ಲೆಂಡಿನಲ್ಲಿ ಕಾಣಿಸಿಕೊಂಡ ಒಂದು ಶಿಲೀಂಧ್ರ ರೋಗ ಆಶ್ ಮರಗಳನ್ನು ತಿಂದುಹಾಕುತ್ತಿದೆ. ಈಗ ಬಿದಿರಿನ ಹರ್ಲಿಯೂ ಬಂದಿದೆ. 'ನಿಮ್ಮ ಕಡೆ ಬಿದಿರು ಬೇಕಾದಷ್ಟಿದೆ ಅಲ್ವಾ?' ಅಂತ ಕೇಳಿದರು. ಮಲೆನಾಡಿನವನು ನಾನು, ಆ ವಿಷಯದಲ್ಲಿ ಮಾತ್ರ ನನ್ನ ಹತ್ತಿರವೂ ಹೇಳುವುದಕ್ಕೆ ಬೇಕಾದಷ್ಟಿತ್ತು.

ಹರ್ಲಿಂಗ್‌ನಂಥ ಐರಿಶ್ ಆಟಗಳ ಸಂಸ್ಥೆ ಗೇಲಿಕ್ ಅಥ್ಲೆಟಿಕ್ ಅಸೋಸಿಯೇಷನ್, ಎಲ್ಲರ ಬಾಯಲ್ಲೂ ಜಿಎಎ, ಹುಟ್ಟಿದ್ದು 1884ರಲ್ಲಿ, ಥರ್ಲೆಸ್ ಎಂಬ ಊರಿನ ಒಂದು ಹೋಟೆಲಿನಲ್ಲಿ. ಕಮೋಗಿಗೆ ಬೇರೆಯದೇ ಸಂಘ, ಅದು 1904ರದ್ದು. ಐಪಿಎಲ್ ಹರಾಜು ನೋಡಿ ಬೆಳೆದ ನನ್ನಂಥವನಿಗೆ ನಂಬಲು ಕಷ್ಟವಾಗಿದ್ದು ಬೇರೆ. ಕ್ರೋಕ್ ಪಾರ್ಕ್ ಸ್ಟೇಡಿಯಮ್ಮಿನಲ್ಲಿ 82,000 ಜನರೆದುರು ಫೈನಲ್ ಆಡುವವರಿಗೂ ಸಂಬಳವಿಲ್ಲ. ಅವರೂ ಟೀಚರೋ ಪೊಲೀಸೋ ಆಗಿ ದುಡಿದೇ ಉಣ್ಣಬೇಕು. ಕೌಂಟಿ ತಂಡಕ್ಕೆ, ಅಂದರೆ ನಮ್ಮ ಜಿಲ್ಲಾ ತಂಡದಂಥದ್ದಕ್ಕೆ, ಎಷ್ಟೇ ದೊಡ್ಡ ಸ್ಟಾರ್ ಆದರೂ ಕೊನೆಗೆ ಬಂದು ಆಡುವುದು ತನ್ನ ಊರಿನ ಕ್ಲಬ್ಬಿಗೇ. ಅಮ್ಮನಿಗೆ ಫೋನಿನಲ್ಲಿ ಅಂಪೈರ್ ಆದ ಸುದ್ದಿ ಹೇಳಿದಾಗ ಮೊದಲು ಕೇಳಿದ್ದೇ, 'ಏನಾದ್ರೂ ಕೊಡ್ತಾರೇನೋ?' 'ಇಲ್ಲಮ್ಮ, ವರ್ಷಕ್ಕೆ ನಾವೇ ದುಡ್ಡು ಕಟ್ಟಬೇಕು.' ಅಮ್ಮ ಮಾತು ಬದಲಾಯಿಸಿದರು.

ದ್ವಿತೀಯಾರ್ಧದಲ್ಲಿ ಬಂತು ನನ್ನ ಪಾಲಿನ ಪರೀಕ್ಷೆ. ನಮ್ಮ ಹುಡುಗಿಯೊಬ್ಬಳು ಓಡುತ್ತಲೇ ಬಾರಿಸಿದ ಚೆಂಡು ನನ್ನ ಕಂಬದ ತುದಿಗಿಂತಲೂ ಎತ್ತರದಲ್ಲಿ ಹಾದುಹೋಯಿತು. ಒಳಗೋ ಹೊರಗೋ? ಕ್ರೋಕ್ ಪಾರ್ಕಿಗಾದರೆ 2013ರಲ್ಲೇ ಹಾಕ್-ಐ ಕ್ಯಾಮೆರಾಗಳು ಬಂದಿದ್ದವು. ಇಲ್ಲಿದ್ದದ್ದು ನನ್ನ ಕತ್ತು, ಕಣ್ಣಿಗೆ ಹೊಡೆಯುವ ಬಿಸಿಲು. ಅಜ್ಜನ ಮುಖ ನೋಡಿದೆ. 'ನಿಮ್ಮ ಕಂಬ, ನೀವೇ ಹೇಳಬೇಕು' ಅಂದರು. ನಾನು ನಿಂತ ಜಾಗದಿಂದ ಅದು ಕೂದಲೆಳೆಯಷ್ಟು ಹೊರಗಿತ್ತು. ತೋಳೆತ್ತಿ ಬೀಸಿದೆ. ಬೌಂಡರಿ ಗೆರೆಯ ಮೇಲಿದ್ದ ನಮ್ಮದೇ ಕ್ಲಬ್ಬಿನ ಅಪ್ಪ ಅಮ್ಮಂದಿರು 'ಓ' ಎಂದು ರಾಗ ಎಳೆದರು. ಐದು ವರ್ಷದಿಂದ ಹಲೋ ಅಷ್ಟೇ ಹೇಳುತ್ತಿದ್ದ ಒಬ್ಬರು ಅಂದು ನನ್ನನ್ನು ಹೆಸರು ಹಿಡಿದು ಕೂಗಿ ಕನ್ನಡಕ ಕೊಂಡುಕೋ ಎಂದರು. ನಿಜ ಹೇಳುತ್ತೇನೆ, ಖುಷಿಯಾಯಿತು. ಹೊರಗಿನವರನ್ನು ಅಷ್ಟು ಸಲಿಗೆಯಿಂದ ಯಾರೂ ಬೈಯುವುದಿಲ್ಲ.

ಸೋತೆವು. ಅವರದು 3-4, ನಮ್ಮದು 2-1. ಮೊದಲಿನದು ಗೋಲು, ಆಮೇಲಿನದು ಪಾಯಿಂಟು. ಕೂಡಿಸಿದರೆ 13ಕ್ಕೆ 7. ನನ್ನ ಒಂದು ಬಾವುಟದಿಂದ ಏನೂ ಆಗುತ್ತಿರಲಿಲ್ಲ. ಆದರೆ ಚೆಂಡು ಬಾರಿಸಿದ ಹುಡುಗಿಯನ್ನು ಮನೆಗೆ ಬಿಡುವ ಜವಾಬ್ದಾರಿಯೂ ಅಂದು ನನ್ನದೇ ಆಗಿತ್ತು. ಅವಳು ಹಿಂದಿನ ಸೀಟಿನಲ್ಲಿ ಬಲು ಮರ್ಯಾದೆಯಿಂದ ಚಿಪ್ಸ್ ತಿನ್ನುತ್ತಿದ್ದಳು. ನಾನು ಕನ್ನಡದಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರಿಸುವ ನನ್ನ ಮಗಳು, ಗೆಳತಿಗೆ ತಿಳಿಯಬಾರದೆಂದು ಅವತ್ತು ಅಚ್ಚುಕಟ್ಟಾದ ಕನ್ನಡಕ್ಕಿಳಿದಳು.

'ಅಪ್ಪಾ, ಅದು ಒಳಗೇ ಇತ್ತು. ನೀನು ನಮ್ ಕಡೆಯವನಲ್ವಾ?'

'ಬಾವುಟ ಹಿಡಿದ್ಮೇಲೆ ಯಾರ ಕಡೆಯೂ ಅಲ್ಲ ಕಣೆ.'

'ಹಾಗಾದ್ರೆ ಮುಂದಿನ ವಾರ ಅಮ್ಮನ್ನ ಕಳಿಸು.'

ಅವಳ ಅಮ್ಮನ ಹೆಸರು ಮುಂದಿನ ವಾರದ ಟೀ ಪಾಳಿಗೆ ಆಗಲೇ ಬಿದ್ದಿತ್ತು.