ಕಿವಿ ಮಂದವಾಗಿದ್ದ ಬಾಲಣ್ಣ ಮಾತಿಗೆ ಮಾತು ಕೂಡಿಸುತ್ತಿದ್ದದ್ದು ಹೇಗೆ?

ಕನ್ನಡ ಚಿತ್ರರಂಗದ ಹಳೆಯ ನಟ ಬಾಲಣ್ಣ, ಅಂದರೆ ಟಿ.ಎನ್. ಬಾಲಕೃಷ್ಣ ಅವರ ಹೆಸರೆತ್ತಿದರೆ ಸಾಕು, ಈ ಪ್ರಶ್ನೆ ಬಂದೇ ಬರುತ್ತದೆ: 'ಅವರಿಗೆ ಕಿವಿ ಕೇಳ್ತಿರಲಿಲ್ಲವಂತೆ, ನಿಜವಾ? ಹಾಗಾದರೆ ಎದುರಿನವರ ಡೈಲಾಗ್ ಮುಗೀತು ಅಂತ ಹೇಗೆ ಗೊತ್ತಾಗ್ತಿತ್ತು?'

ನಿಜ. ಅರಸೀಕೆರೆಯ ಬಾಲಣ್ಣನವರಿಗೆ ಕಿವಿ ತುಂಬ ಮಂದ. 1943ರ 'ರಾಧಾ ರಮಣ'ದಿಂದ ಶುರುವಾಗಿ, 1995ರಲ್ಲಿ ತೀರಿಕೊಳ್ಳುವ ಹೊತ್ತಿಗೆ ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅವರು ಮಾತಾಡಿದ್ದು ಎದುರಿನವರ ತುಟಿ ನೋಡಿಕೊಂಡು. ಇಷ್ಟು ಹೇಳಿದರೆ ಕೇಳಿದವರು ತಲೆಯಾಡಿಸಿ ಸುಮ್ಮನಾಗುತ್ತಾರೆ. ಉತ್ತರ ಮಾತ್ರ ಅಲ್ಲಿಗೆ ಮುಗಿಯುವುದಿಲ್ಲ. ಯಾಕೆಂದರೆ ತುಟಿಯಿಂದ ಸಿಗುವುದು ಮಾತಿನ ಒಂದು ಪಾಲು ಮಾತ್ರ.

ಕನ್ನಡಿ ಮುಂದೆ ನಿಂತು ದನಿ ತೆಗೆಯದೆ ಹೇಳಿ ನೋಡಿ: ಪರ, ಬರ, ಮರ. ಮೂರಕ್ಕೂ ತುಟಿ ಒಂದೇ ರೀತಿ ಮುಚ್ಚಿ ಒಂದೇ ರೀತಿ ತೆರೆಯುತ್ತದೆ. ಕಲ್ಲು, ಕಳ್ಳು, ಹಲ್ಲು ಹೇಳಿ. ಕ ಮತ್ತು ಹ ಹುಟ್ಟುವುದು ಗಂಟಲ ಕಡೆ, ಲ ಮತ್ತು ಳದ ವ್ಯತ್ಯಾಸ ಇರುವುದು ನಾಲಿಗೆಯ ತುದಿಯಲ್ಲಿ. ಹೊರಗೆ ನೋಡುವವರಿಗೆ ಎರಡೂ ಕಾಣುವುದಿಲ್ಲ. 'ಹಳ್ಳಿಗೆ ಹೋದ' ಎಂದರೂ 'ಹಲ್ಲಿಗೆ ಹೋದ' ಎಂದರೂ ತುಟಿ ಹೇಳುವುದು ಒಂದೇ. ಮುಂದಿನ ಮಾತು ಏನೆಂದು ಗೊತ್ತಿಲ್ಲದವರು ಬರೀ ತುಟಿ ನೋಡಿ ಪೂರ್ತಿ ವಾಕ್ಯ ಹಿಡಿಯುವುದು ಬಲು ಕಷ್ಟ.

ಒಂದು ವಿಷಯದಲ್ಲಿ ಮಾತ್ರ ಕನ್ನಡ ಇಂಥ ನಟರ ಕೈ ಹಿಡಿಯುತ್ತದೆ. ನಮ್ಮ ಪದಗಳು ಬಹುಪಾಲು ಸ್ವರದಲ್ಲಿ ಮುಗಿಯುತ್ತವೆ, ಕ್ರಿಯಾಪದ ವಾಕ್ಯದ ಕೊನೆಗೆ ಬರುತ್ತದೆ. 'ಕೊಡ್ತೀನಿ' ಎಂದಾಗ ತುಟಿ ಅಗಲಕ್ಕೆ ಎಳೆದುಕೊಳ್ಳುತ್ತದೆ, 'ಕೊಡಲ್ಲ' ಎಂದಾಗ ದವಡೆ ಕೆಳಗೆ ಬೀಳುತ್ತದೆ, 'ಹೋಗು' ಎಂದಾಗ ತುಟಿ ಗುಂಡಗಾಗುತ್ತದೆ. ಹೌದೋ ಅಲ್ಲವೋ, ಮಾತು ಮುಗಿಯಿತೋ ಇಲ್ಲವೋ ಎರಡೂ ಕೊನೆಯ ಸ್ವರದಲ್ಲೇ ಕಣ್ಣಿಗೆ ಬೀಳುತ್ತವೆ. ನಟನಿಗೆ ಬೇಕಾದ ಕ್ಯೂ, ಅಂದರೆ ತನ್ನ ಮಾತು ಶುರುಮಾಡುವ ಸೂಚನೆ, ಇರುವುದೂ ಅಲ್ಲೇ.

ಆದರೆ ಕ್ಯೂ ಕಂಡಮೇಲೆ ಬಾಯಿ ತೆರೆದರೆ ತಡವಾಯಿತು. ಮಾತುಕತೆಯಲ್ಲಿ ಒಬ್ಬರು ನಿಲ್ಲಿಸಿ ಇನ್ನೊಬ್ಬರು ಶುರುಮಾಡುವ ನಡುವಿನ ಬಿಡುವು ಸಾಮಾನ್ಯವಾಗಿ ಕಾಲು ಸೆಕೆಂಡಿಗೂ ಕಡಿಮೆ. ಸೆಕೆಂಡಿಗೆ 24 ಫ್ರೇಮ್ ಓಡುವ ಫಿಲ್ಮಿನಲ್ಲಿ ಅದು ಆರು ಫ್ರೇಮಿನೊಳಗೆ. ಕಿವಿ ಚೆನ್ನಾಗಿರುವವರೂ ಎದುರಿನವರ ಮಾತು ಮುಗಿಯುವ ಮೊದಲೇ ತಮ್ಮ ಮಾತಿಗೆ ಸಿದ್ಧರಾಗಿರುತ್ತಾರೆ. ಬಾಲಣ್ಣನವರ ಸ್ಥಿತಿಯಲ್ಲಿರುವ ನಟನಿಗೆ ಹಾಗೆ ಸಿದ್ಧವಾಗಲು ಒಂದೇ ದಾರಿ: ಎದುರಿನವರ ಡೈಲಾಗನ್ನೂ ತನ್ನದರಷ್ಟೇ ಚೆನ್ನಾಗಿ ಬಾಯಿಪಾಠ ಮಾಡಿರಬೇಕು. ಆಗ ತುಟಿ ನೋಡುವುದು ಮಾತು ಅರ್ಥಮಾಡಿಕೊಳ್ಳಲಿಕ್ಕಲ್ಲ, ಗೊತ್ತಿರುವ ಮಾತು ಈಗ ಎಲ್ಲಿಗೆ ಬಂತು ಎಂದು ಗುರುತಿಟ್ಟುಕೊಳ್ಳಲಿಕ್ಕೆ. ಪರ, ಬರ, ಮರ ಎಂಬ ಗೊಂದಲವೇ ಉಳಿಯುವುದಿಲ್ಲ.

ಈ ಬಾಯಿಪಾಠದ ಶಿಸ್ತು ಬಂದದ್ದು ನಾಟಕ ಕಂಪನಿಗಳಿಂದ. ಬಾಲಣ್ಣ, ನರಸಿಂಹರಾಜು, ರಾಜಕುಮಾರ್, ಜಿ.ವಿ. ಅಯ್ಯರ್ ಎಲ್ಲರೂ ರಂಗದ ಮೇಲೆ ಪಳಗಿ ಸಿನಿಮಾಕ್ಕೆ ಬಂದವರು. ಕಂಪನಿಯಲ್ಲಿ ಅದೇ ನಾಟಕ ರಾತ್ರಿ ರಾತ್ರಿ ಆಡಿ ಆಡಿ, ತಮ್ಮ ಪಾರ್ಟಿನ ಜೊತೆಗೆ ಇಡೀ ನಾಟಕವೇ ಬಾಯಿಗೆ ಬಂದುಬಿಡುತ್ತಿತ್ತು. ಉಳಿದವರು ತಪ್ಪಿದರೆ ಸೈಡ್ ವಿಂಗಿನಿಂದ ಮೆಲ್ಲಗೆ ಮಾತು ಎತ್ತಿಕೊಡುವವರಿರುತ್ತಿದ್ದರು. ಕಿವಿ ಮಂದವಾದ ನಟನಿಗೆ ಆ ಆಸರೆ ಇದ್ದೂ ಇಲ್ಲದ ಹಾಗೆ, ಹಾಗಾಗಿ ಅವನು ಮರೆಯುವಂತೆಯೇ ಇಲ್ಲ.

ಸಿನಿಮಾ ಫ್ಲೋರಿನಲ್ಲಿ, ಅಂದರೆ ಸ್ಟುಡಿಯೋದ ಚಿತ್ರೀಕರಣದ ಜಾಗದಲ್ಲಿ, ತೊಂದರೆಗಳೇ ಬೇರೆ. ಎಲ್ಲಕ್ಕಿಂತ ದೊಡ್ಡದು ಬೆಳಕಿನದು. ಎದುರು ನಟನ ಭುಜದ ಹಿಂದೆ ಕ್ಯಾಮೆರಾ ಇಟ್ಟು ಬಾಲಣ್ಣನವರ ಮುಖ ತೆಗೆಯುವ ಶಾಟ್ ಇದೆ ಎಂದುಕೊಳ್ಳಿ. ದೊಡ್ಡ ದೀಪಗಳೆಲ್ಲ ಇವರ ಮುಖಕ್ಕೆ ಬೀಳುತ್ತವೆ, ಎದುರಿನವರ ಮುಖ ಕತ್ತಲಲ್ಲಿ ಉಳಿಯುತ್ತದೆ. ಕಣ್ಣು ಕೋರೈಸುವ ಬೆಳಕಿನಿಂದ ಕತ್ತಲಲ್ಲಿರುವ ತುಟಿ ಓದಬೇಕು. ಎದುರಿನವರ ಮುಖಕ್ಕೂ ಒಂದು ಸಣ್ಣ ದೀಪ ಕೊಡುವುದೇ ಇದಕ್ಕೆ ಪರಿಹಾರ. ಪೌರಾಣಿಕ ಚಿತ್ರಗಳಲ್ಲಿ ಅಂಟಿಸಿದ ಗಡ್ಡಮೀಸೆ ಮೇಲ್ದುಟಿಯನ್ನೇ ಮುಚ್ಚಿಬಿಡುತ್ತದೆ. ಆಗ ದವಡೆ ಮತ್ತು ಗಂಟಲಿನ ಚಲನೆಯನ್ನೇ ನೆಚ್ಚಬೇಕು. ಮೂವರು ಮಾತಾಡುವ ದೃಶ್ಯದಲ್ಲಿ ಕಣ್ಣು ಒಬ್ಬರಿಂದ ಇನ್ನೊಬ್ಬರಿಗೆ ಹೊರಳುವಷ್ಟರಲ್ಲಿ ಎರಡು ಪದ ಹೋಗಿರುತ್ತದೆ. ಎದುರಿನವರು ಬೆನ್ನು ತಿರುಗಿಸಿ ಮಾತಾಡಿದರಂತೂ ತುಟಿಯೇ ಇಲ್ಲ. ಕೊನೆಯ ಪದಕ್ಕೆ ಕೈ ಇಳಿಸುವುದೋ ಹೆಗಲು ಕುಣಿಸುವುದೋ, ಮೊದಲೇ ಮಾತಾಡಿಕೊಂಡ ಒಂದು ಗುರುತು ಬೇಕೇ ಬೇಕು. ಇದೆಲ್ಲಕ್ಕಿಂತ ಕೆಟ್ಟದ್ದು, ಎದುರಿನ ನಟ ಟೇಕಿನ ನಡುವೆ ತಾನೇ ಹೊಸ ಮಾತು ಸೇರಿಸುವುದು. ಅಲ್ಲಿ ಬಾಯಿಪಾಠವೂ ಕೈಕೊಡುತ್ತದೆ.

ತಪ್ಪಿದರೆ ನಷ್ಟ ಅಡಿಲೆಕ್ಕದಲ್ಲಿ. 35 ಎಂಎಂ ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. 20 ಸೆಕೆಂಡಿನ ಒಂದು ಶಾಟ್ ಮೂರು ಸಲ ಕೆಟ್ಟರೆ 90 ಅಡಿ ಕಚ್ಚಾ ಫಿಲ್ಮ್ ಹೋಯಿತು. ಕಡಿಮೆ ಬಂಡವಾಳದ ಕನ್ನಡ ಚಿತ್ರಗಳಿಗೆ ಅದು ಸಣ್ಣ ಮಾತಲ್ಲ. ಪದೇ ಪದೇ ಟೇಕ್ ಕೆಡಿಸುವ ನಟ ಐವತ್ತು ವರ್ಷ ಬೇಡಿಕೆಯಲ್ಲಿ ಉಳಿಯುವುದಿಲ್ಲ. ಬಾಲಣ್ಣ ಉಳಿದರು.

'ಆಮೇಲೆ ಡಬ್ಬಿಂಗ್ ಮಾಡ್ತಾರಲ್ಲ, ಅಲ್ಲಿ ಸರಿಮಾಡಬಹುದಲ್ಲವೇ?' ಎಂದೂ ಕೇಳುತ್ತಾರೆ. ಆ ಕಾಲದಲ್ಲಿ ಸ್ಟುಡಿಯೋ ಒಳಗಿನ ದೃಶ್ಯಗಳ ಮಾತನ್ನು ಬಹುಮಟ್ಟಿಗೆ ಶೂಟಿಂಗ್ ಹೊತ್ತಿನಲ್ಲೇ ಧ್ವನಿಮುದ್ರಿಸುತ್ತಿದ್ದರು. ಡಬ್ಬಿಂಗ್ ಬಂದಮೇಲೂ ಕೆಲಸ ಸಲೀಸಾಗಲಿಲ್ಲ. ದೃಶ್ಯವನ್ನು ಒಂದೆರಡು ವಾಕ್ಯದ ಲೂಪುಗಳಾಗಿ ಕತ್ತರಿಸಿ ಮತ್ತೆ ಮತ್ತೆ ಓಡಿಸುತ್ತಾರೆ. ಉಳಿದವರು ಹೆಡ್‌ಫೋನಿನಲ್ಲಿ ತಮ್ಮದೇ ಮೂಲ ಧ್ವನಿ ಕೇಳಿಕೊಂಡು ಅದರ ಮೇಲೆ ಮಾತು ಕೂರಿಸುತ್ತಾರೆ. ಕಿವಿ ಕೇಳದವರು ಪರದೆಯ ಮೇಲಿನ ತಮ್ಮ ತುಟಿಯನ್ನೇ ಓದಬೇಕು. ಇಲ್ಲಿ ಪ, ಬ, ಮ ಉಪಕಾರಕ್ಕೆ ಬರುತ್ತವೆ. ತುಟಿ ಮುಚ್ಚುವ ಜಾಗಗಳು ಗೂಟ ಹೊಡೆದ ಹಾಗೆ; ಅವಕ್ಕೆ ಸರಿಯಾಗಿ ಮಾತು ಸಿಕ್ಕಿಸಿದರೆ ನಡುವಿನದು ತಾನಾಗಿ ಕೂರುತ್ತದೆ.

ಇನ್ನು ನಟನೆಗೆ ಇದರಿಂದ ಏನಾಯಿತು? ನನ್ನ ಮಟ್ಟಿಗೆ ಬಾಲಣ್ಣನವರ ದೊಡ್ಡ ಶಕ್ತಿ ಹುಟ್ಟಿದ್ದು ಇಲ್ಲೇ. ಎಷ್ಟೋ ನಟರು ಎದುರಿನವರ ಮಾತು ನಡೆಯುವಾಗ ತಮ್ಮ ಸರದಿಗೆ ಕಾಯುತ್ತಾ ಖಾಲಿ ನಿಂತಿರುತ್ತಾರೆ. ಇವರಿಗೆ ಒಂದು ಗಳಿಗೆಯೂ ಕಣ್ಣು ಕೀಳುವ ಹಾಗಿಲ್ಲ. ಅದೇ ನೋಟ ಖಳನ ಪಾತ್ರದಲ್ಲಿ ಹೊಂಚಿನಂತೆ ಕಾಣುತ್ತದೆ, ಹಾಸ್ಯದಲ್ಲಿ ಬೆರಗಿನಂತೆ, ಒಳ್ಳೆಯವನ ಪಾತ್ರದಲ್ಲಿ ಅಕ್ಕರೆಯಂತೆ.

ಕೈ ಹಾಕಿದ ಕೆಲಸಗಳೂ ಸಣ್ಣವಲ್ಲ. ರಾಜಕುಮಾರ್, ನರಸಿಂಹರಾಜು, ಅಯ್ಯರ್ ಜೊತೆ ಸೇರಿ 1960ರಲ್ಲಿ 'ರಣಧೀರ ಕಂಠೀರವ' ನಿರ್ಮಿಸಿದರು. ಕನ್ನಡ ಚಿತ್ರಗಳು ಫ್ಲೋರಿಗಾಗಿ ಮದರಾಸಿಗೆ ಹೋಗುತ್ತಿದ್ದ ದಿನಗಳನ್ನು ಕಂಡವರು, ಬೆಂಗಳೂರಿನ ಕೆಂಗೇರಿ ಬಳಿ 20 ಎಕರೆಯಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಿದರು. ಇವತ್ತು ಆ ಹೆಸರು ಕೇಳಿದರೆ ಜನಕ್ಕೆ ಮೊದಲು ನೆನಪಾಗುವುದು 2009ರಲ್ಲಿ ಅಲ್ಲಿ ನಡೆದ ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆ. ಕಟ್ಟಿದವರ ಹೆಸರೂ ಅದರ ಜೊತೆ ನೆನಪಾಗಬೇಕು ಎಂಬುದು ನನ್ನ ಆಸೆ.

ನಿಮ್ಮ ಕಣ್ಣಿನಿಂದಲೇ ಪರೀಕ್ಷೆ ಮಾಡಬೇಕೆಂದರೆ 1972ರ 'ಬಂಗಾರದ ಮನುಷ್ಯ' ಹಾಕಿ. ಕೆ.ಜಿ. ರಸ್ತೆಯ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿದ ಚಿತ್ರ. ರಾಜಕುಮಾರ್ ಮಾಡಿದ ರಾಜೀವನ ಪಾತ್ರಕ್ಕೆ ಆಸರೆಯಾಗುವ ರಾಚೂಟಪ್ಪನೇ ಬಾಲಣ್ಣ. ಒಬ್ಬೊಬ್ಬರ ಮುಖವನ್ನೇ ತೋರಿಸುವ ಕ್ಲೋಸಪ್‌ಗಳನ್ನು ಬಿಡಿ, ಅಲ್ಲಿ ನಡುವಿನ ಬಿಡುವನ್ನು ಸಂಕಲನಕಾರರು ಕತ್ತರಿಸಿ ಸರಿಮಾಡಿರಬಹುದು. ರಾಜಕುಮಾರ್ ಮತ್ತು ಬಾಲಣ್ಣ ಒಂದೇ ಚೌಕಟ್ಟಿನಲ್ಲಿ, ಕಟ್ ಇಲ್ಲದೆ ಮಾತಾಡುವ ಶಾಟುಗಳನ್ನು ಹುಡುಕಿ. ಧ್ವನಿ ಪೂರ್ತಿ ತಗ್ಗಿಸಿ, ರಾಜಕುಮಾರ್ ಮಾತಾಡುವಾಗ ಬಾಲಣ್ಣನವರ ಕಣ್ಣನ್ನು ಮಾತ್ರ ನೋಡುತ್ತಾ ಹೋಗಿ.